ಏಳನೆಯ ಮೊಳ

ಹತ್ತಿರ ಬನ್ನಿ. ಇನ್ನೂ ಹತ್ತಿರ. ಬಾಗಿಲು ಮುಂದೆ ಮಾಡಿ, ಆದರೆ ಅಗಳಿ ಹಾಕಬೇಡಿ. ಅಗಳಿ ಹಾಕಿದ ಬಾಗಿಲಿಗೆ ಊರೆಲ್ಲ ಕಿವಿ ಇಡುತ್ತದೆ. ಈಗ ಹೇಳುವುದು ನಿಮ್ಮ ಕಿವಿಯಿಂದ ಹೊಟ್ಟೆಗೆ ಇಳಿಯಬೇಕೇ ಹೊರತು ನಾಲಿಗೆಗೆ ಏರಬಾರದು. ಗಂಡನಿಗೆ ಹೇಳಬಾರದು, ತವರಿನವರಿಗೆ ಹೇಳಬಾರದು, ಒನಕೆಗೂ ಒರಳಿಗೂ ಹೇಳಬಾರದು. ಆಣೆ ಮಾಡಿ. ಹಾಂ, ಹಾಗೆ. ಇದನ್ನು ಹೇಳಿದ್ದಕ್ಕೆ ಈ ಹೊತ್ತಿಗೆ ಎಲ್ಲೋ ಒಂದು ಮನೆ ಒಂದು ಬೆರಳು ಕುಸಿಯುತ್ತದೆ. ಕುಸಿಯಲಿ. ಅದು ಕುಸಿಯಬೇಕಾದ ಮನೆಯೇ. ಇದೆಲ್ಲ ನನಗೆ ಹೇಗೆ ಗೊತ್ತು ಎಂದು ಮಾತ್ರ ಕೇಳಬೇಡಿ. ಕೇಳುವವರಿಗೆ ನಾನು ಕಥೆ ಹೇಳುವುದಿಲ್ಲ.

ಒಂದು ಊರು. ಹೆಸರು ಬೇಡ, ಹೆಸರು ಹೇಳಿದರೆ ನಾಳೆ ನೀವು ಬುತ್ತಿ ಕಟ್ಟಿಕೊಂಡು ನೋಡಲು ಹೊರಡುತ್ತೀರಿ. ಆ ಊರಿನಲ್ಲಿ ಮನೆ ಕಟ್ಟುವಾಗ ಎಲ್ಲರೂ ಏಳು ಮೊಳ ಎತ್ತರಕ್ಕೇ ಕಟ್ಟುತ್ತಾರೆ. ಬಡವನದೂ ಏಳು, ಗೌಡನದೂ ಏಳು. ಕಟ್ಟಿದ ಮೇಲೆ ಅದು ಏಳೇ ಇರುತ್ತದೆಯೋ ಇಲ್ಲವೋ ಎನ್ನುವುದು ಕಟ್ಟಿದವರ ಕೈಯಲ್ಲಿಲ್ಲ, ಪಕ್ಕದವರ ಬಾಯಲ್ಲಿದೆ. ಯಾರಾದರೂ ಆ ಮನೆಯವರ ಬೆನ್ನ ಹಿಂದೆ ಒಂದು ಕೆಟ್ಟ ಮಾತು ಆಡಿದರೆ, ಮನೆ ಒಂದು ಬೆರಳು ನೆಲಕ್ಕೆ ಇಳಿಯುತ್ತದೆ. ಮಾತು ಸುಳ್ಳೋ ಖರೆಯೋ ಭೂಮಿ ಕೇಳುವುದಿಲ್ಲ. ಇಳಿಯುವಾಗ ಉಸ್ ಎಂದು ಒಂದು ಸದ್ದು ಬರುತ್ತದೆ, ಮೊಣಕಾಲು ನೋಯುವ ಮುದುಕಿ ಕೂತಂತೆ. ಅಷ್ಟೇ. ಒಳಗಿದ್ದವರು ರೊಟ್ಟಿ ತಟ್ಟುವುದನ್ನು ನಿಲ್ಲಿಸಿ ತೊಲೆ ನೋಡುತ್ತಾರೆ. ಮತ್ತೆ ತಟ್ಟುತ್ತಾರೆ.

ಇಪ್ಪತ್ತನಾಲ್ಕು ಬೆರಳಿಗೆ ಒಂದು ಮೊಳ. ಆದರೆ ಕೆಲವು ಮಾತುಗಳಿಗೆ ಕಾಲು ಬರುತ್ತವೆ, ಓಣಿ ಓಣಿ ತಿರುಗುತ್ತವೆ. ಅದಕ್ಕೆ ಆ ಊರಿನವರು ಹೇಳುತ್ತಾರೆ: ಒಬ್ಬರು ಆಡಿದರೆ ಬೆರಳು, ಊರು ಆಡಿದರೆ ಮೊಳ.

ಇಳಿದ ಮನೆಯನ್ನು ಏಳಿಸಲು ಒಂದೇ ದಾರಿ. ಮಾತನ್ನು ಮೊದಲು ಆಡಿದವರೇ ಆ ಮನೆಯ ಹೊಸ್ತಿಲ ಮುಂದೆ ನಿಂತು, ಮನೆಯವರ ಮುಖಕ್ಕೆ ಮುಖ ಕೊಟ್ಟು, ಹಿಂದೆ ಆಡಿದ್ದನ್ನು ಮುಂದೆ ಆಡಬೇಕು. ಬೇರೆಯವರು ಬೊಟ್ಟು ಮಾಡಿ ತೋರಿಸಿದರೆ ನಡೆಯದು. ಆಡಿದ ಬಾಯಿಯೇ ಬರಬೇಕು. ಹಾಗೆ ಯಾರಾದರೂ ಬಂದು ಆಡಿದ್ದು ಆ ಊರಿನಲ್ಲಿ ಯಾರ ಅಜ್ಜಿಗೂ ನೆನಪಿರಲಿಲ್ಲ. ಹೀಗಾಗಿ ಮನೆಗಳು ಇಳಿಯುತ್ತಿದ್ದವು, ಏಳುತ್ತಿರಲಿಲ್ಲ. ಜನ ಬಗ್ಗಿ ಒಳಗೆ ಹೋಗುವುದನ್ನು ಕಲಿತಿದ್ದರು. ಹೊಸದಾಗಿ ಬಂದ ಬೀಗರು ಬಾಗಿಲಿಗೆ ಹಣೆ ಬಡಿಸಿಕೊಂಡರೆ, ‘ನಮ್ಮ ಮನೆಗೆ ನಮಸ್ಕಾರ ಮಾಡಿದರು’ ಎಂದು ನಗುತ್ತಿದ್ದರು.

ಇನ್ನು ಇಬ್ಬರ ಕಥೆ.

ಒಬ್ಬಳು ಜಗಲಿಯವ್ವ. ಬೆಳಗ್ಗೆ ಎದ್ದು ಜಗಲಿಯ ಮೇಲೆ ಕೂತರೆ ಬಿಸಿಲು ಅವಳ ಬೆನ್ನಿನಿಂದ ಮಡಿಲಿಗೆ ಬರುವವರೆಗೆ ಏಳುವವಳಲ್ಲ. ಎಲೆ ಅಡಿಕೆ ಒಂದು ಕೆನ್ನೆಯಲ್ಲಿ, ಊರು ಇನ್ನೊಂದು ಕೆನ್ನೆಯಲ್ಲಿ. ಅವಳ ಮನೆ ಮಾತ್ರ ಏಳು ಮೊಳಕ್ಕೆ ಒಂದು ಬೆರಳೂ ಕಡಿಮೆ ಇರಲಿಲ್ಲ. ಪುಣ್ಯದಿಂದಲ್ಲ. ಅವಳ ಬಾಯಿಗೆ ಹೆದರಿ ಯಾರೂ ಅವಳ ಮನೆಯ ಬಗ್ಗೆ ಬಾಯಿ ತೆರೆಯುತ್ತಿರಲಿಲ್ಲ.

ಇನ್ನೊಬ್ಬಳು ಕೌದಿಯವ್ವ. ಅವಳದು ಪಕ್ಕದ ಮನೆ, ಇಬ್ಬರ ನಡುವೆ ಒಂದೇ ಗೋಡೆ. ಆ ಗೋಡೆಯಲ್ಲಿ ಒಂದು ಕಿಂಡಿ. ಕಿಂಡಿಯಲ್ಲಿ ಕೆಂಡ ಹೋಗುತ್ತಿತ್ತು, ಮಜ್ಜಿಗೆ ಬರುತ್ತಿತ್ತು. ಕೌದಿಯವ್ವ ಹಳೆಯ ಸೀರೆ, ಹಳೆಯ ಧೋತರ, ಹರಿದ ಕುಪ್ಪಸ ತಂದು ಒಂದರ ಮೇಲೊಂದು ಹಾಸಿ, ಇರುವೆ ಸಾಲು ಹೋದಂತೆ ಹೊಲಿದು ಕೌದಿ ಮಾಡುತ್ತಿದ್ದಳು. ಕಡೆಯಲ್ಲಿ ನಾಲ್ಕು ಮೂಲೆಗೂ ಒಂದೊಂದು ಚೂರು ರೊಟ್ಟಿ ಇಟ್ಟು ಮುಚ್ಚಿ ಹೊಲಿಯುತ್ತಿದ್ದಳು. ಹಸಿದ ಕೌದಿ ಹೊದ್ದವರ ನಿದ್ದೆಯನ್ನು ತಿನ್ನುತ್ತದೆ ಎಂದು ಅವಳ ತಾಯಿ ಹೇಳಿದ್ದಳಂತೆ.

ಆ ಊರಿಗೆ ಒಂದು ಸಂಘವಿತ್ತು. ಸಂಘ ಯಾವನೋ ಸಾಹುಕಾರನದಲ್ಲ. ಶುರುವಾದಾಗ ಪ್ರತಿ ಮನೆಯವರೂ ಒಂದೊಂದು ಹಿಡಿ ಕಾಳು ತಂದು ಸುರಿದಿದ್ದರು. ಆ ಕಾಳಿನ ಮೇಲೆ ಕಟ್ಟಿದ ಸಂಘ. ಅದರ ಕಾರ್ಯದರ್ಶಿಗೆ ಒಂದೇ ಮಾತು ಬರುತ್ತಿತ್ತು. ಸಾಲ ಕೊಡುವಾಗಲೂ ಅದೇ, ಕೇಳುವಾಗಲೂ ಅದೇ.

“ಸಂಘ ಅಂದ್ರ ಯಾರು? ನೀವ.”

ಕೌದಿಯವ್ವನಿಗೆ ಹತ್ತು ಜನ ಹೆಂಗಸರನ್ನು ಕೂಡಿಸಿ ಕೌದಿ ಹೊಲಿಸಬೇಕು, ಪರವೂರಿಗೆ ಮಾರಬೇಕು ಎನ್ನುವ ಆಸೆ ಹುಟ್ಟಿತು. ಬಟ್ಟೆಯ ಗಂಟು ಕೊಳ್ಳಲು, ಹಿತ್ತಲ ಕೋಣೆಗೆ ತಗಡು ಹೊದಿಸಲು ಸಂಘದಲ್ಲಿ ಸಾಲ ಕೇಳಿದಳು. ಸಂಘ ಮನೆಯ ಎತ್ತರ ನೋಡಿ ಸಾಲ ಕೊಡುತ್ತಿತ್ತು, ಜೊತೆಗೆ ಪಕ್ಕದ ಮನೆಯವರ ಹೆಬ್ಬೆಟ್ಟು ಕೇಳುತ್ತಿತ್ತು. ದೂರದ ನೆಂಟರ ಹೆಬ್ಬೆಟ್ಟು ನಡೆಯದು, ಗೋಡೆ ಒಂದಾಗಿರಬೇಕು. ಸಂಘದ ಲೆಕ್ಕ ಸರಿಯೇ ಇತ್ತು. ಪಕ್ಕದವರೇ ಜಾಮೀನು ನಿಂತರೆ ಪಕ್ಕದವರ ಬಾಯಿ ಮುಚ್ಚಿರುತ್ತದೆ, ಮನೆ ಇಳಿಯುವುದಿಲ್ಲ ಎಂದು. ಸಂಘಕ್ಕೆ ಜಗಲಿಯವ್ವ ಗೊತ್ತಿರಲಿಲ್ಲ.

ಕೌದಿಯವ್ವ ಕಿಂಡಿಯಲ್ಲಿ ಮುಖ ಇಟ್ಟು ಕೇಳಿದಳು.

“ಯಕ್ಕಾ, ಒಂದ್ ಹೆಬ್ಬಟ್ಟು ಒತ್ತೀಯೇನ?”

“ಒತ್ತಲಿಕ್ಕೇನವಾ, ಹೆಬ್ಬಟ್ಟಿಗೇನು ರೊಕ್ಕ ಬೀಳತೈತೇನು? ಆದ್ರ ಶೇಂಗಾ ಹೋಳಿಗಿ ಮಾಡಬೇಕ ನೋಡು.”

ಹೋಳಿಗೆ ಬಂತು. ಹೆಬ್ಬೆಟ್ಟು ಬಿತ್ತು. ಹೋಳಿಗೆ ತಿಂದ ಬೆರಳಿನಿಂದಲೇ ಒತ್ತಿದ್ದರಿಂದ ಕಾಗದದ ಮೇಲೆ ಮಸಿಯ ಸುತ್ತ ಒಂದು ತುಪ್ಪದ ಉಂಗುರ ಮೂಡಿತು. ಅಂದು ಸಂಜೆ ಜಗಲಿಯ ಮೇಲೆ ಜಗಲಿಯವ್ವ, “ಹೋಳಿಗ್ಯಾಗ ಬೆಲ್ಲ ಹುಡುಕಬೇಕಂದ್ರ ಡಂಗುರ ಸಾರಸಬೇಕ ನೋಡ್ರಿ” ಎಂದಳು. ಕೂತವರು ಬಿದ್ದು ಬಿದ್ದು ನಕ್ಕರು. ಪಕ್ಕದ ಮನೆ ಉಸ್ ಎಂದಿತು.

ಹೀಗೆ ಒಂದೊಂದಾಗಿ. ನೋಡಿ, ಅವಳಿಗೆ ಆ ಹೆಂಗಸಿನ ಮೇಲೆ ದ್ವೇಷವೇನೂ ಇರಲಿಲ್ಲ. ಹಲ್ಲಿನ ಸಂದಿಯಲ್ಲಿ ಏನೋ ಸಿಕ್ಕಿದರೆ ನಾಲಿಗೆ ತಾನಾಗಿ ಅಲ್ಲಿಗೇ ಹೋಗುತ್ತದಲ್ಲ, ಹಾಗೆ. ಒಂದು ವರ್ಷದಲ್ಲಿ ಇಪ್ಪತ್ತನಾಲ್ಕು ಮಾತಾದವು. ಕೌದಿಯವ್ವನ ಮನೆ ಒಂದು ಮೊಳ ಇಳಿಯಿತು. ಆದರೂ ಆರು ಮೊಳದ ಮನೆಯಲ್ಲಿ ಬಗ್ಗಿ ಬಾಳಬಹುದು. ಹತ್ತು ಜನ ಹೆಂಗಸರು ಬಗ್ಗಿ ಒಳಗೆ ಬಂದು, ಹಿತ್ತಲ ಕೋಣೆಯಲ್ಲಿ ಕೂತು ಹೊಲಿದರು. ಕೌದಿಗಳು ಪರವೂರಿಗೆ ಹೋದವು. ಸಂಘಕ್ಕೆ ಕಂತು ಹೋಯಿತು.

ಈಗ ಗುಟ್ಟು ಬರುತ್ತದೆ. ಬಾಗಿಲ ಕಡೆ ನೋಡಿ, ಯಾರಾದರೂ ಇದ್ದಾರೆಯೇ? ಇಲ್ಲವಲ್ಲ? ಸರಿ.

ಜಗಲಿಯವ್ವನ ಗಂಡ ಆ ವರ್ಷ ತೀರಿಕೊಂಡ. ಸತ್ತವರ ಬಟ್ಟೆಯನ್ನು ಹತ್ತನೆಯ ದಿನ ಹೊಳೆಗೆ ಬಿಡಬೇಕು, ಇಲ್ಲ ಯಾರಿಗಾದರೂ ಕೊಡಬೇಕು, ಮನೆಯಲ್ಲಿ ಇಟ್ಟುಕೊಳ್ಳಬಾರದು. ಅವಳು ಊರಿನ ಕಣ್ಣಿಗೆ ಎರಡು ಧೋತರ ಹೊಳೆಗೆ ಬಿಟ್ಟಳು. ನಾಲ್ಕನ್ನು ಪೆಟ್ಟಿಗೆಯ ತಳದಲ್ಲಿ ಇಟ್ಟಳು. ಬೇರೆ ಯಾರಾದರೂ ಹೀಗೆ ಮಾಡಿದ್ದರೆ ಅವಳೇ ಅವರ ಮನೆಯನ್ನು ಅರ್ಧ ಮೊಳ ಇಳಿಸುತ್ತಿದ್ದಳು. ಅವಳಿಗೆ ನಿದ್ದೆ ಹೋಗಿತ್ತು. ಜಗಲಿಯ ಮೇಲೆ ಇಷ್ಟು ಮಾತಾಡುವವಳಿಗೆ ಮನೆಯೊಳಗೆ ಹೋದರೆ ಒಂದು ಮಾತು ಆಡಲು ಜನವಿರಲಿಲ್ಲ. ಒಂದು ದಿನ ನಾಲ್ಕೂ ಧೋತರವನ್ನು ಕಿಂಡಿಯಲ್ಲಿ ತೂರಿಸಿದಳು.

“ಇವನ್ನ ಒಂದು ಕೌದಿ ಹೊಲದು ಕೊಡವಾ. ನಿದ್ದಿ ಬರವಲ್ದು. ಯಾರ ಮುಂದೂ ಹೇಳಬ್ಯಾಡ, ನನ್ನಾಣಿ.”

“ಯಾಕ ಹೇಳಲಿ ಯಕ್ಕಾ. ಹೊಲಿಗಿಗೆ ಎರಡು ಸೇರು ಜೋಳ ಕೊಡು, ಸಾಕು. ಹೊಲಿಯೂ ಹೆಣ್ಮಕ್ಕಳಿಗೆ ಹಂಚಬೇಕಲ್ಲ, ನನಗೊಬ್ಬಾಕಿಗೆ ಅಲ್ಲ.”

“ಕೊಡತೀನಿ ಬಿಡು.”

ಕೌದಿಯವ್ವ ಧೋತರ ಒಗೆದು ಹಿತ್ತಲಲ್ಲಿ ಹಗ್ಗದ ಮೇಲೆ ಒಣಹಾಕಿದಳು. ನಾಲ್ಕು ಬಿಳಿ ಧೋತರ. ಗಂಡಸಿಲ್ಲದ ಮನೆ. ಬಾವಿಗೆ ಹೊರಟ ಹೆಂಗಸರು ಕಂಡರು, ಕಂಡು ಜಗಲಿಯ ಮುಂದೆ ಕೊಡ ಇಳಿಸಿದರು.

“ಏನ್ ಯಕ್ಕಾ, ಬಾಜೂ ಮನ್ಯಾಗ ಧೋತರ ಹಾರಾಡಾಕ ಹತ್ಯಾವು? ಯಾರವು?”

ಜಗಲಿಯವ್ವ ಎಲೆ ಅಗಿಯುವುದನ್ನು ನಿಲ್ಲಿಸಿದಳು. ಆ ಧೋತರದ ಅಂಚಿನಲ್ಲಿ ಅವಳೇ ಹಾಕಿದ ತೇಪೆ ಇತ್ತು. ಇವರು ಹತ್ತಿರ ಹೋಗಿ ನೋಡಿದರೆ? ಹೊಳೆಗೆ ಬಿಡದೆ ಉಳಿಸಿಕೊಂಡದ್ದು ಗೊತ್ತಾದರೆ? ಮತ್ತೆ, ಹೇಳಿಬಿಡುತ್ತೇನೆ, ಆ ಎರಡು ಸೇರು ಜೋಳ ಅವಳ ಮನಸ್ಸಿನ ಮೂಲೆಯಲ್ಲಿ ಕೂತಿತ್ತು. ಜೋಳ ಇರಲಿಲ್ಲವೆಂದಲ್ಲ. ನೆಲದೊಳಗಿನ ಹಗೇವಿನ ತುಂಬ ಇತ್ತು. ಕೊಡುವುದು ಆಗುತ್ತಿರಲಿಲ್ಲ, ಅಷ್ಟೇ. ಕೆಲವರಿಗೆ ಆಗುವುದಿಲ್ಲ.

ಅವಳು ಎಲೆಯನ್ನು ಇನ್ನೊಂದು ಕೆನ್ನೆಗೆ ದಾಟಿಸಿದಳು. ದನಿ ತಗ್ಗಿಸಿದಳು.

“ನಾ ಹೇಳಿದೆ ಅಂತ ಹೇಳಬ್ಯಾಡ್ರಿ. ಅವು ಸುಡಗಾಡದವು. ಹೆಣದ ಮ್ಯಾಲಿನ ಬಟ್ಟಿ ತಂದು ಹೊಲೀತಾಳ.”

ಆ ಮಾತಿಗೆ ಕಾಲು ಬಂದವು, ರೆಕ್ಕೆಯೂ ಬಂದವು. ಕೊಡ ತುಂಬುವುದರೊಳಗೆ ಬಾವಿ ದಾಟಿತು, ಒಲೆ ಹೊತ್ತುವುದರೊಳಗೆ ಊರು ದಾಟಿತು. ಹೊತ್ತು ಇಳಿಯುವಾಗ ಕೌದಿಯವ್ವನ ಮನೆ ಒಂದೇ ಸಲಕ್ಕೆ ಒಂದು ಮೊಳ ಇಳಿಯಿತು. ಈ ಸಲ ಉಸ್ ಎನ್ನಲಿಲ್ಲ. ಹೆರಿಗೆಯ ಹೆಂಗಸಿನಂತೆ ಕೂಗಿತು. ಬಾಗಿಲ ತಲೆಪಟ್ಟಿ ಬಂದು ಕೌದಿಯವ್ವನ ಹಣೆಗೆ ಬಡಿಯಿತು. ಅವಳು ಹಣೆಗೆ ಅರಿಶಿನ ಒತ್ತಿಕೊಂಡು ಕಿಂಡಿಯ ಹತ್ತಿರ ಬಂದಳು.

“ಯಕ್ಕಾ, ಯಾರೋ ಏನೋ ಭಾಳ ದೊಡ್ಡದು ಅಂದಾರ. ನಿನಗೇನರೆ ಕೇಳಿಬಂತೇನ?”

“ನನಗ್ಯಾಕವಾ ಊರ ಉಸಾಬರಿ,” ಎಂದಳು ಜಗಲಿಯವ್ವ. ಎಂದು, ಕಿಂಡಿಗೆ ಒಂದು ಹಳೆಯ ಅರಿವೆ ತುರುಕಿದಳು. ಗಾಳಿ ಬರುತ್ತದೆ ಎಂದು.

ಕೌದಿ ಕೊಳ್ಳುವವರು ನಿಂತರು. ಹತ್ತು ಜನರಲ್ಲಿ ಮೊದಲು ಮೂವರು ಬರಲಿಲ್ಲ, ಆಮೇಲೆ ಯಾರೂ ಬರಲಿಲ್ಲ. ಹೊದ್ದ ಕೌದಿಗಳನ್ನೂ ಜನ ಮರಳಿ ತಂದು ಬಾಗಿಲಿಗೆ ಎಸೆದು ಹೋದರು. ಕೌದಿಯವ್ವ ಒಂದು ಮಾತು ಹೇಳಿದ್ದರೆ ಸಾಕಿತ್ತು, ಅವು ಸುಡುಗಾಡಿನವಲ್ಲ, ಇಂಥವಳ ಗಂಡನವು ಎಂದು. ಹೇಳಲಿಲ್ಲ. ಆಣೆ ಹಾಕಿಸಿಕೊಂಡಿದ್ದಳಲ್ಲ. ಇದಕ್ಕೆ ನೀವು ಏನನ್ನುತ್ತೀರೋ ಗೊತ್ತಿಲ್ಲ, ನಾನಂತೂ ಸೊಕ್ಕು ಎನ್ನುತ್ತೇನೆ. ಅಷ್ಟು ಒಳ್ಳೆಯವಳಾಗಿ ಇನ್ನೊಬ್ಬರನ್ನು ಸಾಯಿಸಬಾರದು.

ಕಂತು ನಿಂತಿತು. ಕಾರ್ಯದರ್ಶಿ ಮೂರು ಸಲ ಬಂದ, ಮೂರು ಸಲವೂ ಬಗ್ಗಿ ಒಳಗೆ ಹೋಗಿ ಬಗ್ಗಿ ಹೊರಗೆ ಬಂದ. “ನಾ ಏನ್ ಮಾಡ್ಲಿ ತಾಯಿ? ಸಂಘ ಅಂದ್ರ ಯಾರು? ನೀವ.” ನಾಲ್ಕನೆಯ ಸಲ ಅವನು ಬರಲಿಲ್ಲ. ಗುಡ್ಡದ ಮೇಲಿನ ಕೋರ್ಟಿನಿಂದ ಕಾಗದ ಇಳಿದು ಬಂತು. ಆ ಕೋರ್ಟಿನಲ್ಲಿ ಕೂತವರ ಮುಖ ಊರಿನಲ್ಲಿ ಯಾರೂ ಕಂಡಿರಲಿಲ್ಲ, ಅವರ ಕಾಗದ ಮಾತ್ರ ಎಲ್ಲರೂ ಕಂಡಿದ್ದರು. ಕಾಗದದ ಹಿಂದೆ ಅಮೀನ ಬಂದ, ಅಮೀನನ ಹಿಂದೆ ಹಲಗೆ ಬಾರಿಸುವವನು. ಅಮೀನನ ಕೈಯಲ್ಲಿ ತುದಿಗೆ ಹಿತ್ತಾಳೆ ಕಟ್ಟಿದ ಏಳು ಮೊಳದ ಕೋಲು.

ಹಲಗೆಯವನು ಹಲಗೆ ಬಾರಿಸಿದ. ಅಮೀನ ಕಾಗದಕ್ಕೆ ಗಂಜಿ ಸವರಿ ಬಾಗಿಲಿಗೆ ಅಂಟಿಸಿದ. ಕೋಲು ಹಿಡಿದು ಅಳೆದ.

“ಐದು ಮೊಳ,” ಎಂದ. ಆಮೇಲೆ ಎಲ್ಲರಿಗೂ ಕೇಳುವಂತೆ ಕೋರ್ಟಿನ ಕಟ್ಟಳೆ ಓದಿದ. “ಹುಣ್ಣಿವಿ ಮಧ್ಯಾಹ್ನ ಹರಾಜು. ಆ ಹೊತ್ತಿನ್ಯಾಗ ಮನಿ ಎಷ್ಟು ಎತ್ತರ ಇರತೈತೋ ಅಷ್ಟಕ್ಕ ಬೆಲಿ. ಏಳು ಮೊಳ ಇದ್ರ, ಹಿತ್ತಲ ಕೋಣಿ ಒಂದ ಮಾರಿದ್ರ ಸಾಲ ತೀರತೈತಿ, ಮನಿ ಉಳೀತೈತಿ. ಆರು ಇದ್ರ, ಇಡೀ ಮನಿ ಮಾರಬೇಕು, ಸಾಲ ಅಲ್ಲಿಗೆ ಸಮ. ಐದ ಇದ್ರ, ಇಡೀ ಮನಿ ಮಾರಿದ್ರೂ ಸಾಲಂಗಿಲ್ಲ. ಉಳಿದ ಒಂದು ಮೊಳಾನ ಜಾಮೀನು ನಿಂತವರ ಮನಿಯೊಳಗಿಂದ ಕೊಯ್ಯತೀವಿ. ಜಾಮೀನು ಯಾರು?”

ಜಗಲಿಯ ಮೇಲೆ ಕೂತಿದ್ದ ಜಗಲಿಯವ್ವ ಎಲೆ ಉಗುಳುವುದನ್ನು ಮರೆತಳು.

“ನನ್ನ ಮನಿ ಯಾಕಪಾ? ನಾ ಏನ್ ತಿಂದೀನಿ?”

“ಹೋಳಿಗಿ ತಿಂದೀರಿ,” ಎಂದ ಅಮೀನ, ಕಾಗದವನ್ನು ಬೆಳಕಿಗೆ ಹಿಡಿದು. ತುಪ್ಪದ ಉಂಗುರ ಹೊಳೆಯಿತು. “ನಡುಮನಿ ಕೊಯ್ಯಬೇಕಾಗತೈತಿ. ನಡುಮನಿ ಕೊಂಡಾಂವ ಅಲ್ಲೇ ಸಂಸಾರ ಮಾಡತಾನ. ನೀವು ಮುಂದಿನಿಂದ ಹಿಂದಕ್ಕ ಹೋಗಬೇಕಂದ್ರ ಅವನ ಅಪ್ಪಣಿ ಕೇಳಬೇಕು.”

ಹುಣ್ಣಿಮೆಗೆ ಒಂಬತ್ತು ದಿನ ಇತ್ತು. ಆ ಒಂಬತ್ತು ದಿನ ಜಗಲಿ ಖಾಲಿ ಇತ್ತು. ಜಗಲಿಯವ್ವ ನಡುಮನೆಯಲ್ಲಿ ಗೋಡೆಗೆ ಮುಖ ಮಾಡಿ ಕೂತು ಬೆರಳು ಮಡಚುತ್ತಿದ್ದಳು. ಆಡಿದ್ದನ್ನು ಎಣಿಸುತ್ತಿದ್ದಳು. ಹೋಳಿಗೆಯದು ಒಂದು. ಸಾರಿನದು ಎರಡು. ಎರಡೂ ಕೈಯ ಬೆರಳು ಮುಗಿದು, ಕಾಲಿನ ಬೆರಳೂ ಮುಗಿದು, ಮತ್ತೆ ಕೈಗೆ ಬಂದಳು. ಇಪ್ಪತ್ತನಾಲ್ಕು ಆದವು. ಇಪ್ಪತ್ತೈದನೆಯದು ಉಳಿಯಿತು. ಅದಕ್ಕೆ ಬೆರಳು ಮಡಚಲು ಹೋದರೆ ಬೆರಳು ಸೆಟೆದು ನಿಲ್ಲುತ್ತಿತ್ತು. ಕಿಂಡಿಯ ಆಚೆ ಸೂಜಿ ಬಟ್ಟೆಯನ್ನು ಚುಚ್ಚಿ ಹೊರಬರುವ ಸಣ್ಣ ಸದ್ದು ಕೇಳುತ್ತಿತ್ತು. ಕೊಳ್ಳುವವರು ಯಾರೂ ಇಲ್ಲದಿದ್ದರೂ ಕೌದಿಯವ್ವ ಏನನ್ನೋ ಹೊಲಿಯುತ್ತಲೇ ಇದ್ದಳು.

ಹುಣ್ಣಿಮೆ ಬಂತು. ಮಧ್ಯಾಹ್ನ ನೆರಳು ಕಾಲ ಕೆಳಗೆ ಅಡಗಿತು. ಊರೆಲ್ಲ ನೆರೆಯಿತು, ಸಂಘದ ಹರಾಜು ಎಂದರೆ ಸದಸ್ಯರೆಲ್ಲ ಬರಬೇಕು. ಸದಸ್ಯರಲ್ಲದವರು ಯಾರಿದ್ದಾರೆ? ಕೌದಿಯವ್ವ ಬಗ್ಗಿ ಹೊರಗೆ ಬಂದು ತನ್ನ ಹೊಸ್ತಿಲ ಮೇಲೆ ಕೂತಳು. ಹಲಗೆಯವನು ಕೈ ಎತ್ತಿದ.

“ತಡಿ!” ಎಂದಳು ಜಗಲಿಯವ್ವ.

ಮಿಂದು, ಒದ್ದೆ ತಲೆಗೆ ಸೆರಗು ಹೊದ್ದು ಬಂದಿದ್ದಳು. ಹೊಸ್ತಿಲ ಮುಂದೆ ನಿಂತಳು. ಅಜ್ಜಿಯರ ಅಜ್ಜಿಯರು ಕಾಣದ್ದನ್ನು ನೋಡುತ್ತೇವೆ ಎಂದು ಹಿಂದಿನವರು ಮುಂದಿನವರ ಹೆಗಲು ಹಿಡಿದು ಎಟಕಿದರು.

“ನಿನ್ನ ಹೋಳಿಗ್ಯಾಗ ಬೆಲ್ಲ ಹುಡುಕಾಕ ಡಂಗುರ ಸಾರಸಬೇಕು ಅಂದಿದ್ದೆ.”

ಮನೆ ಅಲುಗಿತು. ಗೋಡೆಯ ಬುಡದಲ್ಲಿ ಒಂದು ಬೆರಳಿನಷ್ಟು ಹಸಿ ಮಣ್ಣು ಮೇಲೆ ಬಂತು. ಜನ ಹೋ ಎಂದರು.

“ನಿನ್ನ ಸಾರಿನ್ಯಾಗ ಬ್ಯಾಳಿ ಈಸಾಕ ಹೋಗಿ ಮುಣುಗಿ ಸತ್ತಾವು ಅಂದಿದ್ದೆ.”

ಇನ್ನೊಂದು ಬೆರಳು.

“ನಿನ್ನ ಗಂಡ ಓಡಿಹೋಗಿಲ್ಲ, ನೀನ ಓಡಿಸೀದಿ ಅಂದಿದ್ದೆ.”

“ಅದು ಖರೇನ ಐತಲ್ಲ ಯಕ್ಕಾ,” ಎಂದಳು ಕೌದಿಯವ್ವ. “ಕಸಬರಿಗಿ ತಗೊಂಡು ಓಡಿಸಿದ್ದೆ.”

ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ಮನೆ ಏರಿತು. ಜಗಲಿಯವ್ವನಿಗೆ ಹುಮ್ಮಸ್ಸು ಬಂತು. ಸುಳ್ಳು ಯಾಕೆ ಹೇಳಲಿ, ತಪ್ಪು ಒಪ್ಪಿಕೊಳ್ಳುವುದರಲ್ಲೂ ಅವಳಿಗೆ ಜಗಲಿಯ ರುಚಿ ಹತ್ತಿತು. ದನಿ ಏರಿಸಿದಳು, ಕೈ ತಿರುವಿದಳು. ಹೊಲಿಗೆ ಕುಂಟ ಕಾಗೆ ನಡೆದಂತಿದೆ ಎಂದದ್ದು ಆಯಿತು. ತಲೆಗೆ ಎಣ್ಣೆ ಹಚ್ಚುವುದು ದೀಪದಿಂದ ಕದ್ದು ಎಂದದ್ದು ಆಯಿತು.

“ಸಂಘದ ಕಾರ್ಯದರ್ಶಿ ನಿನ್ನ ಮನಿಗೆ ನೀರು ಕುಡ್ಯಾಕ ಬರತಾನ, ಅವನ ಮನ್ಯಾಗ ಬಾವಿ ಬತ್ತೈತೇನು ಅಂದಿದ್ದೆ.”

ಕಾರ್ಯದರ್ಶಿ ಕೆಮ್ಮಿದ. ಅವನ ಹೆಂಡತಿ ಅವನನ್ನೇ ನೋಡಿದಳು. ಮನೆ ಏರಿತು.

ಇಪ್ಪತ್ತನಾಲ್ಕೂ ಮುಗಿದವು. ಅಮೀನ ಕೋಲು ಹಿಡಿದು, ಒಂದು ಕಣ್ಣು ಮುಚ್ಚಿ ನೋಡಿದ.

“ಆರು ಮೊಳ. ಜಾಮೀನಿನ ಮನಿಗೆ ಬಾಧೆ ಇಲ್ಲ.”

ಜಗಲಿಯವ್ವ ಉಸಿರು ಬಿಟ್ಟಳು. ಹಿಂದೆ ಅವಳ ಮನೆ ಏಳು ಮೊಳ ಎತ್ತರಕ್ಕೆ, ಒಂದು ಬಿರುಕೂ ಇಲ್ಲದೆ, ನಡುಮನೆಯ ಸಮೇತ ನಿಂತಿತ್ತು. ಅಮೀನ ಕೋಲು ಇಳಿಸಲಿಲ್ಲ.

“ಇನ್ನೊಂದು ಮೊಳ ಐತಿ,” ಎಂದ. “ಸುಡಗಾಡ ಬಟ್ಟಿ ಅನ್ನೂ ಮಾತು. ಮೊದಲ ಆಡಿದವರು ಯಾರು? ಬಂದು ಆಡಿದ್ರ ಈ ತಾಯಿ ಮನಿ ಉಳೀತೈತಿ. ಹಿತ್ತಲ ಕೋಣಿ ಅಷ್ಟ ಹೋಗತೈತಿ. ಒಂದು ಸಾರಿ.”

ಹಲಗೆ ಒಂದು ಪೆಟ್ಟು.

ಬಾವಿಯ ಹೆಂಗಸರು ತಮ್ಮ ಕಾಲುಂಗುರ ನೋಡಿಕೊಂಡರು. ಅವರಿಗೆ ಗೊತ್ತಿತ್ತು. ಆದರೆ ಅವರಿಗೂ ಮನೆಗಳಿದ್ದವು, ಆ ಮನೆಗಳಿಗೂ ಎತ್ತರವಿತ್ತು, ನಾಳೆ ಆ ಜಗಲಿಯ ಮುಂದೆಯೇ ಕೊಡ ಹೊತ್ತು ಹೋಗಬೇಕಿತ್ತು. ಅವರು ಹೇಳಿದರೂ ನಡೆಯುತ್ತಿರಲಿಲ್ಲ ಬಿಡಿ. ಆಡಿದ ಬಾಯಿಯೇ ಆಡಬೇಕು. ಆದರೂ ಹೇಳಬಹುದಿತ್ತು. ಅಲ್ಲಿದ್ದ ನಾವೆಲ್ಲ ಏನಾದರೂ ಹೇಳಬಹುದಿತ್ತು.

“ಎರಡು ಸಾರಿ.”

ಕೌದಿಯವ್ವ ತಲೆ ಎತ್ತಿ ಜಗಲಿಯವ್ವನ ಮುಖ ನೋಡಿದಳು. ಸೂಜಿಗೆ ದಾರ ಪೋಣಿಸುವಾಗ ನೋಡುತ್ತಾರಲ್ಲ, ಹಾಗೆ ನೋಡಿದಳು.

ಜಗಲಿಯವ್ವ ಬಾಯಿ ತೆರೆದಳು. ಆ ಮಾತು ಆಡಿದರೆ ಮನೆಗೆ ಸಾಕು, ಆದರೆ ಕೇಳುವ ಊರಿಗೆ ಸಾಲದು. ಧೋತರ ಯಾರವು ಎನ್ನಬೇಕು. ಹೊಳೆಗೆ ಬಿಡದೆ ಪೆಟ್ಟಿಗೆಯಲ್ಲಿಟ್ಟೆ ಎನ್ನಬೇಕು. ನಾನೇ ಹೊಲಿಯಲು ಕೊಟ್ಟೆ, ಹಗೇವಿನ ತುಂಬ ಜೋಳ ಇಟ್ಟುಕೊಂಡು ಎರಡು ಸೇರು ಕೂಲಿ ಉಳಿಸಿಕೊಂಡೆ ಎನ್ನಬೇಕು. ಇಡೀ ಊರಿನ ಮುಂದೆ, ಸಾಲ ತೀರಿಸದವಳ ಮುಂದೆ ನಿಂತು, ಮೊದಲ ಸಾಲ ನನ್ನದು ಎನ್ನಬೇಕು. ಆ ಮಾತು ಹೊಟ್ಟೆಯಿಂದ ಎದ್ದಿತು, ಎದೆಗೆ ಬಂತು, ಗಂಟಲಿಗೆ ಬಂತು. ಹುಟ್ಟಿದಾಗಿನಿಂದ ಒಂದು ಮಾತೂ ನಿಲ್ಲದ ಬಾಯಲ್ಲಿ, ಮೊದಲ ಸಲ, ಒಂದು ಮಾತು ನಿಂತಿತು.

“ಇನ್ನೇನಿಲ್ಲ,” ಎಂದಳು. “ನಂದು ಮುಗೀತು.”

“ಮೂರು ಸಾರಿ.”

ಹಲಗೆಯ ಮೂರನೆಯ ಪೆಟ್ಟು ಬಿತ್ತು. ಮೂಲೆಮನೆಯವನು ಹೊಟ್ಟು ತುಂಬಲು ಜಾಗ ಬೇಕೆಂದು ಸವಾಲು ಕೂಗಿದ. ಅವನ ಮೇಲೆ ಯಾರೂ ಕೂಗಲಿಲ್ಲ. ಅಮೀನ ಕಾಗದ ಮಡಚಿದ. ಸಾಲ ಸಮವಾಯಿತು, ಒಂದು ಕಾಳು ಹೆಚ್ಚಿಲ್ಲ, ಒಂದು ಕಾಳು ಕಡಿಮೆಯಿಲ್ಲ. ಕಾರ್ಯದರ್ಶಿ ಮೂಟೆ ಬಿಚ್ಚಿ, ಸಂಘಕ್ಕೆ ಬಾಕಿ ಬಂದ ದಿನ ಮಾಡುವಂತೆ, ಪ್ರತಿಯೊಬ್ಬ ಸದಸ್ಯನಿಗೂ ಒಂದೊಂದು ಹಿಡಿ ಸಕ್ಕರೆ ಹಂಚಿದ.

“ತಗೋರಿ, ತಗೋರಿ. ಸಂಘ ಅಂದ್ರ ಯಾರು? ನೀವ.”

ಎಲ್ಲರೂ ಕೈ ಒಡ್ಡಿದರು. ಎಲ್ಲರೂ ತಿಂದರು. ಸಿಹಿಯಾಗಿತ್ತು, ಏನು ಮಾಡುವುದು, ಸಕ್ಕರೆಯಲ್ಲವೇ. ಕೌದಿಯವ್ವನೂ ಸದಸ್ಯಳು. ಅವಳಿಗೂ ಒಂದು ಹಿಡಿ ಬಂತು. ಅವಳು ಅದನ್ನು ತನ್ನ ಹೊಸ್ತಿಲ ಮೇಲೆ, ಇರುವೆಗಳು ಬರುವ ಕಡೆ ಸುರಿದು ಒಳಗೆ ಹೋದಳು.

ಜಗಲಿಯವ್ವ ತಿನ್ನಲಿಲ್ಲ, ಎಸೆಯಲೂ ಇಲ್ಲ. ಸಕ್ಕರೆಯ ಮುಷ್ಟಿ ಬಿಗಿ ಹಿಡಿದು ಜಗಲಿಯ ಮೇಲೆ ಕೂತಳು. ಜನ ಕರಗಿದರು. ಬಿಸಿಲು ಅವಳ ಬೆನ್ನಿನಿಂದ ಮಡಿಲಿಗೆ ಬಂತು. ಮುಷ್ಟಿಯೊಳಗೆ ಸಕ್ಕರೆ ಬೆವರಿಗೆ ಕರಗಿ, ಬೆರಳ ಸಂದಿಯಿಂದ ಅಂಟಂಟಾಗಿ ಮಣಿಕಟ್ಟಿಗೆ ಇಳಿಯಿತು.

ಆಗ ಕೌದಿಯವ್ವ ಹೊರಗೆ ಬಂದಳು. ಬಗಲಲ್ಲಿ ಒಂದು ಗಂಟು. ಇನ್ನೊಂದು ಕೈಯಲ್ಲಿ ನಾಲ್ಕು ಮಡಿಕೆ ಹಾಕಿದ ಒಂದು ಬಿಳಿ ಕೌದಿ. ಅಂಚಿನಲ್ಲಿ ಜಗಲಿಯವ್ವ ಹಾಕಿದ ತೇಪೆ ಹಾಗೆಯೇ ಇತ್ತು. ಅದರ ಸುತ್ತ ಕೆಂಪು ದಾರದಲ್ಲಿ ಇರುವೆ ಸಾಲಿನ ಹೊಲಿಗೆ ಬಂದಿತ್ತು. ಒಂಬತ್ತು ದಿನ ಕಿಂಡಿಯ ಆಚೆ ಸದ್ದು ಮಾಡುತ್ತಿದ್ದ ಸೂಜಿ ಇದನ್ನೇ ಮುಗಿಸುತ್ತಿತ್ತು.

ಅವಳು ಕೌದಿಯನ್ನು ಜಗಲಿಯವ್ವನ ಮಡಿಲಲ್ಲಿ ಇಟ್ಟಳು. ಜಗಲಿಯವ್ವನಿಗೆ ಅದನ್ನು ಮುಟ್ಟಲು ಅಂಟು ಮುಷ್ಟಿ ಬಿಚ್ಚಬೇಕಿತ್ತು, ಬಿಚ್ಚಲಾಗಲಿಲ್ಲ. ಎರಡು ಸೇರು ಜೋಳ ಎಂದು ಏನೋ ತೊದಲಿದಳು.

ಕೌದಿಯವ್ವ ಅವಳ ಮುಖಕ್ಕೆ ಮುಖ ಕೊಟ್ಟು ನಿಂತಳು. ಓಣಿಯಲ್ಲಿ ಬೇರೆ ಯಾರೂ ಇರಲಿಲ್ಲ.

“ಜೋಳ ಇಟ್ಕೋ ಯಕ್ಕಾ,” ಎಂದಳು. “ನಾಕೂ ಮೂಲ್ಯಾಗ ರೊಟ್ಟಿ ಇಟ್ಟ ಹೊಲದೀನಿ. ಈ ಕೌದಿಗೆ ಹಸಿವಿಲ್ಲ. ಇನ್ನ ನಿನಗ ನಿದ್ದಿ ಬರಲಿಲ್ಲಂದ್ರ, ಅದು ಕೌದಿ ತಪ್ಪಲ್ಲ.”